ಜಾತಿ ದೌರ್ಜನ್ಯ ಮೇಲ್ಮನವಿಗಳಲ್ಲಿ ಸಾಕ್ಷಿಯ ವಿಶ್ವಾಸಾರ್ಹತೆ

ಜಾತಿಯ ಕಾರಣಕ್ಕೆ ನಡೆದ ಹಲ್ಲೆಯ ಮೊಕದ್ದಮೆಯಲ್ಲಿ ವಿಚಾರಣಾ ನ್ಯಾಯಾಲಯ ಕೊಟ್ಟ ತೀರ್ಪನ್ನು ಮೇಲಿನ ನ್ಯಾಯಾಲಯ ಪರಿಶೀಲಿಸುವಾಗ, ಸಾಕ್ಷಿಗಳು ನುಡಿದದ್ದನ್ನು ಎಷ್ಟರಮಟ್ಟಿಗೆ ನಂಬಬಹುದು ಎಂದು ತೂಗಿ ನೋಡುವ ಕ್ರಮವೇ ಈ ಲೇಖನದ ವಿಷಯ. ಇಂಥ ಮೊಕದ್ದಮೆಗಳಲ್ಲಿ ಎರಡು ಸಂಗತಿಗಳು ಬೇರೆಬೇರೆಯಾಗಿ ಸಾಬೀತಾಗಬೇಕು: ಹಲ್ಲೆ ನಡೆದದ್ದು ಒಂದು, ಅದಕ್ಕೆ ಜಾತಿಯ ನಂಟಿದ್ದದ್ದು ಇನ್ನೊಂದು. ಒಬ್ಬನೇ ಸಾಕ್ಷಿಯ ಮಾತನ್ನು ಮೊದಲನೆಯದಕ್ಕೆ ಒಪ್ಪಿ ಎರಡನೆಯದಕ್ಕೆ ಒಪ್ಪದಿರಲು ನ್ಯಾಯಾಲಯಕ್ಕೆ ಅವಕಾಶವಿದೆ. ಹೀಗಾಗಿ ಹೊಡೆದದ್ದಕ್ಕೆ ಶಿಕ್ಷೆಯಾಗಿ ದೌರ್ಜನ್ಯ ತಡೆ ಕಾಯ್ದೆಯ ಆರೋಪ ಬಿದ್ದುಹೋಗುವ ತೀರ್ಪುಗಳು ಅಪರೂಪವಲ್ಲ. ದಕ್ಷಿಣ ಕನ್ನಡ ಜಿಲ್ಲೆಯ ಬಂಟ್ವಾಳ, ಬೆಳ್ತಂಗಡಿ, ಮೂಡುಬಿದಿರೆ ತಾಲೂಕುಗಳ ನೆಲೆಯಿಂದ ಈ ವಿಷಯವನ್ನು ಇಲ್ಲಿ ವಿವರಿಸಲಾಗಿದೆ.

ಹಿನ್ನೆಲೆ

ದಕ್ಷಿಣ ಕನ್ನಡ 1956ರ ನವೆಂಬರ್ 1ರವರೆಗೆ ಮದರಾಸು ಆಡಳಿತದಲ್ಲಿತ್ತು. ಕುದ್ಮುಲ್ ರಂಗರಾಯರು 1897ರಲ್ಲಿ ಮಂಗಳೂರಿನಲ್ಲಿ ಡಿಪ್ರೆಸ್ಡ್ ಕ್ಲಾಸಸ್ ಮಿಷನ್ ಕಟ್ಟಿ ದಲಿತ ಮಕ್ಕಳಿಗೆ ಶಾಲೆ ತೆರೆದಾಗ ಅಸ್ಪೃಶ್ಯತೆಯನ್ನು ಅಪರಾಧವೆಂದು ಕರೆಯುವ ಕಾನೂನು ಇರಲಿಲ್ಲ. ಬಾವಿ, ರಸ್ತೆ ಮೊದಲಾದ ಸಾರ್ವಜನಿಕ ಸೌಲಭ್ಯಗಳನ್ನು ಜಾತಿಯ ಕಾರಣಕ್ಕೆ ನಿರಾಕರಿಸುವಂತಿಲ್ಲ ಎಂದು ಮದರಾಸು ಶಾಸನ ಸಭೆ 1938ರಲ್ಲಿ ಕಾಯ್ದೆ ಮಾಡಿತು. ಸಂವಿಧಾನದ 17ನೆಯ ವಿಧಿಯ ಬೆನ್ನಿಗೆ ಅಸ್ಪೃಶ್ಯತಾ ಅಪರಾಧಗಳ ಕಾಯ್ದೆ, 1955 ಬಂತು; 1976ರ ತಿದ್ದುಪಡಿಯೊಂದಿಗೆ ಅದು ನಾಗರಿಕ ಹಕ್ಕುಗಳ ಸಂರಕ್ಷಣಾ ಕಾಯ್ದೆ ಎಂಬ ಹೆಸರು ಪಡೆಯಿತು. ಹಲ್ಲೆ, ಕೊಲೆ, ಬಹಿಷ್ಕಾರಗಳನ್ನು ಎದುರಿಸಲು ಅದು ಸಾಲದೆಂದು ಪರಿಶಿಷ್ಟ ಜಾತಿ ಮತ್ತು ಪರಿಶಿಷ್ಟ ಪಂಗಡಗಳ (ದೌರ್ಜನ್ಯ ತಡೆ) ಕಾಯ್ದೆ, 1989 ರೂಪುಗೊಂಡು 1990ರ ಜನವರಿ 30ರಂದು ಜಾರಿಯಾಯಿತು. ಊರಿನಲ್ಲಿ ಜನ ‘ಅಟ್ರಾಸಿಟಿ ಕೇಸು’ ಎನ್ನುವುದು ಈ ಕಾಯ್ದೆಯ ಮೊಕದ್ದಮೆಗೆ. 2016ರ ಜನವರಿ 26ರಂದು ಜಾರಿಗೆ ಬಂದ ತಿದ್ದುಪಡಿ ಅಪರಾಧಗಳ ಪಟ್ಟಿಯನ್ನು ಹಿಗ್ಗಿಸಿತು, ಸಾಕ್ಷಿಗಳ ಹಕ್ಕುಗಳನ್ನೂ ಸೇರಿಸಿತು.

ಈ ತಾಲೂಕುಗಳಲ್ಲಿ ಕೊರಗ ಮತ್ತು ಮಲೆಕುಡಿಯ ಪರಿಶಿಷ್ಟ ಪಂಗಡಗಳು. ಮುಂಡಾಲ, ನಲಿಕೆ, ಪರವ, ಪಂಬದ, ಬಾಕುಡ ಮೊದಲಾದವು ಪರಿಶಿಷ್ಟ ಜಾತಿಗಳು. ಕೊರಗರನ್ನು ಅವಮಾನಕರ ಚಾಕರಿಗೆ ದೂಡುತ್ತಿದ್ದ ಅಜಲು ಪದ್ಧತಿಯನ್ನು ನಿಷೇಧಿಸಲು ಕರ್ನಾಟಕ 2000ದಲ್ಲಿ ಪ್ರತ್ಯೇಕ ಕಾಯ್ದೆಯನ್ನೇ ಮಾಡಬೇಕಾಯಿತು.

ಪೊಲೀಸ್ ಠಾಣೆಯಿಂದ ಹೈಕೋರ್ಟಿಗೆ

ಮೂರು ತಾಲೂಕು ಕೇಂದ್ರಗಳಲ್ಲೂ ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟ್ ನ್ಯಾಯಾಲಯಗಳಿವೆ. ದೌರ್ಜನ್ಯ ತಡೆ ಕಾಯ್ದೆಯ ವಿಚಾರಣೆ ನಡೆಯುವುದು ಮಾತ್ರ ಮಂಗಳೂರಿನ ವಿಶೇಷ ನ್ಯಾಯಾಲಯದಲ್ಲಿ. ಈ ಕಾಯ್ದೆಯಡಿ ಬಂದ 1995ರ ನಿಯಮಾವಳಿಯ 7ನೆಯ ನಿಯಮದಂತೆ ತನಿಖೆಯನ್ನು ಡಿವೈಎಸ್‌ಪಿ ದರ್ಜೆಗೆ ಕಡಿಮೆಯಿಲ್ಲದ ಅಧಿಕಾರಿಯೇ ಮಾಡಬೇಕು. ಬಂಟ್ವಾಳ, ಬೆಳ್ತಂಗಡಿಯ ಠಾಣೆಗಳು ಜಿಲ್ಲಾ ಪೊಲೀಸ್ ವರಿಷ್ಠಾಧಿಕಾರಿಯ ಕೈಕೆಳಗೆ ಬಂದರೆ ಮೂಡುಬಿದಿರೆ ಠಾಣೆ ಮಂಗಳೂರು ನಗರ ಪೊಲೀಸ್ ಕಮಿಷನರೇಟಿಗೆ ಸೇರಿದೆ. ಅಲ್ಲಿ ಆ ದರ್ಜೆಗೆ ಸಮನಾದವರು ಸಹಾಯಕ ಪೊಲೀಸ್ ಆಯುಕ್ತರು. ಕೆಳದರ್ಜೆಯ ಅಧಿಕಾರಿ ತನಿಖೆ ಮಾಡಿದ್ದರೆ ಸಾಕ್ಷಿ ಎಷ್ಟೇ ನಂಬಲರ್ಹನಾದರೂ ಆರೋಪಿಯ ವಕೀಲರಿಗೆ ಮೇಲ್ಮನವಿಯಲ್ಲಿ ಒಂದು ವಾದ ಸಿಕ್ಕಿದಂತೆಯೇ.

ಕಾಯ್ದೆಯ 14ಎ ಕಲಮಿನ ಪ್ರಕಾರ ವಿಶೇಷ ನ್ಯಾಯಾಲಯದ ತೀರ್ಪಿನ ಮೇಲೆ ವಾಸ್ತವಾಂಶ ಹಾಗೂ ಕಾನೂನು ಎರಡರ ಬಗೆಗೂ ನೇರವಾಗಿ ಹೈಕೋರ್ಟಿಗೆ ಮೇಲ್ಮನವಿ ಸಲ್ಲುತ್ತದೆ. ಅವಧಿ 90 ದಿನ. ಸಾಧ್ಯವಾದಷ್ಟೂ ಮೂರು ತಿಂಗಳೊಳಗೆ ಇತ್ಯರ್ಥವಾಗಬೇಕೆಂಬುದು ಕಾನೂನಿನ ಆಶಯ. ದಕ್ಷಿಣ ಕನ್ನಡದ ಮೇಲ್ಮನವಿಗಳು ಧಾರವಾಡ ಅಥವಾ ಕಲಬುರಗಿ ಪೀಠಕ್ಕಲ್ಲ, ಬೆಂಗಳೂರಿನ ಪ್ರಧಾನ ಪೀಠಕ್ಕೆ ಹೋಗುತ್ತವೆ.

ಮೇಲ್ಮನವಿಯ ಮುಖ್ಯ ಲಕ್ಷಣವೆಂದರೆ ಅಲ್ಲಿ ಸಾಕ್ಷಿಯೇ ಇರುವುದಿಲ್ಲ. ಕಟಕಟೆಯಲ್ಲಿ ನಿಂತವನು ತಡವರಿಸಿದನೋ, ನೇರವಾಗಿ ಉತ್ತರಿಸಿದನೋ ಎಂಬುದನ್ನು ಕಂಡವರು ವಿಚಾರಣಾ ನ್ಯಾಯಾಧೀಶರು ಮಾತ್ರ. ಹೈಕೋರ್ಟಿನ ಮುಂದಿರುವುದು ಹೇಳಿಕೆಯ ಬರಹ, ಗುರುತು ಹಾಕಿದ ದಾಖಲೆಗಳು ಮತ್ತು ಕೆಳಗಿನ ತೀರ್ಪು. ಬೆಳ್ತಂಗಡಿಯ ಒಳಹಳ್ಳಿಯ ಸಾಕ್ಷಿಯೊಬ್ಬರು ತುಳುವಿನಲ್ಲಿ ಕೇಳಿಸಿಕೊಂಡ ಬೈಗುಳ ಠಾಣೆಯ ದೂರಿನಲ್ಲಿ ಕನ್ನಡವಾಗುತ್ತದೆ, ಮಂಗಳೂರಿನ ಕಟಕಟೆಯಲ್ಲಿ ಮತ್ತೊಮ್ಮೆ ಕನ್ನಡದಲ್ಲೇ ದಾಖಲಾಗುತ್ತದೆ, ಹೈಕೋರ್ಟಿನ ತೀರ್ಪಿನಲ್ಲಿ ಸಾಮಾನ್ಯವಾಗಿ ಇಂಗ್ಲಿಷಾಗುತ್ತದೆ. ಆಡಿದ ಮಾತೇ ಅಪರಾಧವಾಗಿರುವ ಕಲಮುಗಳಲ್ಲಿ ಈ ಪಯಣ ಲೆಕ್ಕಕ್ಕೆ ಬರುತ್ತದೆ. ದೂರಿನಲ್ಲಿ ‘ಜಾತಿ ಎತ್ತಿ ಬೈದರು’ ಎಂದಷ್ಟೇ ಬರೆದು, ಕಟಕಟೆಯಲ್ಲಿ ನಿರ್ದಿಷ್ಟ ಪದಗಳನ್ನು ಹೇಳಿದರೆ ‘ಆಮೇಲೆ ಸೇರಿಸಿದ್ದು’ ಎಂಬ ಪಾಟೀ ಸವಾಲು ತಪ್ಪಿದ್ದಲ್ಲ.

ಸಾಕ್ಷಿಯನ್ನು ಅಳೆಯುವ ಸಾಮಾನ್ಯ ಸೂತ್ರಗಳು

ಜಾತಿ ದೌರ್ಜನ್ಯದ ಸಾಕ್ಷಿಗೆಂದು ಪ್ರತ್ಯೇಕ ಅಳತೆಗೋಲಿಲ್ಲ. ಒಂದು ಸಂಗತಿಯನ್ನು ರುಜುವಾತು ಮಾಡಲು ಇಂತಿಷ್ಟೇ ಸಾಕ್ಷಿಗಳು ಬೇಕೆಂಬ ನಿಯಮವಿಲ್ಲ ಎಂದು ಸಾಕ್ಷ್ಯ ಅಧಿನಿಯಮದ 134ನೆಯ ಕಲಮು ಹೇಳುತ್ತಿತ್ತು. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ಸಾಕ್ಷ್ಯ ಅಧಿನಿಯಮದಲ್ಲಿ ಇದು 139ನೆಯ ಕಲಮು. ವಡಿವೇಲು ತೇವರ್ ಪ್ರಕರಣದಲ್ಲಿ (1957) ಸುಪ್ರೀಂ ಕೋರ್ಟ್ ಸಾಕ್ಷಿಗಳನ್ನು ಮೂರು ಬಗೆಯಾಗಿ ವಿಂಗಡಿಸಿತು: ಪೂರ್ತಿ ನಂಬಬಹುದಾದವರು, ಪೂರ್ತಿ ನಂಬಲಾಗದವರು, ಎರಡರ ನಡುವಿನವರು. ಮೊದಲ ಬಗೆಯ ಒಬ್ಬನೇ ಸಾಕ್ಷಿ ಸಾಕು. ಮೂರನೆಯ ಬಗೆಗೆ ಬೇರೆ ಪುರಾವೆಯ ಆಸರೆ ಬೇಕು.

ಗಾಯಾಳು ಸಾಕ್ಷಿ: ಮೈಮೇಲಿನ ಗಾಯವೇ ಆತ ಸ್ಥಳದಲ್ಲಿದ್ದುದಕ್ಕೆ ಪುರಾವೆ. ಬಲವಾದ ಕಾರಣವಿಲ್ಲದೆ ಅವನ ಮಾತನ್ನು ತಳ್ಳಿಹಾಕಬಾರದು ಎಂಬುದನ್ನು ಅಬ್ದುಲ್ ಸಯೀದ್ ಪ್ರಕರಣ (2010) ಸಹಿತ ಹಲವು ತೀರ್ಪುಗಳು ಹೇಳಿವೆ.

ಬಂಧು ಸಾಕ್ಷಿ: ರಕ್ತಸಂಬಂಧವೊಂದೇ ಅಪನಂಬಿಕೆಗೆ ಕಾರಣವಾಗದು. ಹತ್ತಿರದ ನೆಂಟರು ನಿಜವಾದ ಅಪರಾಧಿಯನ್ನು ಬಿಟ್ಟು ನಿರಪರಾಧಿಯನ್ನು ಸಿಕ್ಕಿಸುವ ಸಂಭವ ಕಡಿಮೆ ಎಂದು ನ್ಯಾಯಮೂರ್ತಿ ವಿವಿಯನ್ ಬೋಸ್ ಅವರಿದ್ದ ಪೀಠ ದಲೀಪ್ ಸಿಂಗ್ ಪ್ರಕರಣದಲ್ಲಿ (1953) ವಿವರಿಸಿತು. ಹಳೆಯ ಹಗೆಯಿದ್ದರೆ ಎಚ್ಚರ ಹೆಚ್ಚಬೇಕು, ಅಷ್ಟೇ.

ಸಣ್ಣಪುಟ್ಟ ವ್ಯತ್ಯಾಸ: ಕಂಡದ್ದನ್ನು ಚಿತ್ರ ತೆಗೆದಂತೆ ನೆನಪಿಟ್ಟುಕೊಳ್ಳಬೇಕೆಂದು ಯಾರಿಂದಲೂ ನಿರೀಕ್ಷಿಸಲಾಗದು ಎಂಬುದು ಭರ್ವಾಡಾ ಭೋಗಿನ್‌ಭಾಯಿ ತೀರ್ಪಿನ (1983) ಸಾರ. ದೊಣ್ಣೆ ಯಾವ ಕೈಯಲ್ಲಿತ್ತು, ಎಷ್ಟು ಏಟು ಬಿತ್ತು ಎಂಬಲ್ಲಿನ ವ್ಯತ್ಯಾಸ ಪ್ರಕರಣದ ಬೇರನ್ನು ಅಲುಗಾಡಿಸದಿದ್ದರೆ ಅದು ದೊಡ್ಡದಲ್ಲ.

ವೈರುಧ್ಯ ಮತ್ತು ಲೋಪ: ಪೊಲೀಸರ ಮುಂದೆ ಹೇಳಿದ್ದಕ್ಕೂ ಕಟಕಟೆಯಲ್ಲಿ ಹೇಳಿದ್ದಕ್ಕೂ ಅಂತರವಿದೆ ಎಂದು ಆರೋಪಿಯ ವಕೀಲರು ತೋರಿಸಬೇಕಾದರೆ ಹಿಂದಿನ ಹೇಳಿಕೆಯ ಆ ಭಾಗವನ್ನು ಸಾಕ್ಷಿಯ ಗಮನಕ್ಕೆ ತರಬೇಕು. ಸಾಕ್ಷಿ ಅಲ್ಲಗಳೆದರೆ ತನಿಖಾಧಿಕಾರಿಯ ಮೂಲಕ ಅದನ್ನು ರುಜುವಾತು ಮಾಡಬೇಕು. ಈ ಕ್ರಮ ತಪ್ಪಿದ್ದರೆ ಮೇಲ್ಮನವಿಯಲ್ಲಿ ಆ ವೈರುಧ್ಯಕ್ಕೆ ಬೆಲೆ ಇಲ್ಲ.

ಭಾಗಶಃ ಸುಳ್ಳು: ಒಂದು ಮಾತು ಸುಳ್ಳೆಂದ ಮಾತ್ರಕ್ಕೆ ಇಡೀ ಸಾಕ್ಷ್ಯವನ್ನು ಬಿಸಾಡಬೇಕೆಂಬ ನಿಯಮ ಭಾರತದಲ್ಲಿ ನಡೆಯದು. ಕಾಳು ಜೊಳ್ಳು ಬೇರೆ ಮಾಡುವುದು ನ್ಯಾಯಾಲಯದ ಕೆಲಸ.

ಗುಂಪು ಹಲ್ಲೆ: ಬಹಳ ಮಂದಿ ಆರೋಪಿಗಳಿರುವಾಗ, ಒಬ್ಬೊಬ್ಬನನ್ನೂ ಒಂದಕ್ಕಿಂತ ಹೆಚ್ಚು ಸಾಕ್ಷಿಗಳು ಸ್ಥಿರವಾಗಿ ಗುರುತಿಸಿದ್ದಾರೆಯೇ ಎಂದು ನೋಡುವ ವಿವೇಕದ ಸೂತ್ರವನ್ನು ಮಸಾಲ್ತಿ ಪ್ರಕರಣ (1964) ಕೊಟ್ಟಿತು.

‘ಸಾರ್ವಜನಿಕರ ಕಣ್ಣೆದುರು’ ಎಂಬ ಅಂಶ

ಜಾತಿ ಹೆಸರಿನಿಂದ ನಿಂದಿಸುವುದು, ಅವಮಾನಿಸುವ ಉದ್ದೇಶದಿಂದ ಬೆದರಿಸುವುದು ಹಿಂದೆ 3(1)(x) ಕಲಮಿನಡಿ ಅಪರಾಧವಾಗಿತ್ತು. 2016ರಿಂದ 3(1)(ಆರ್) ಮತ್ತು 3(1)(ಎಸ್). ಎಲ್ಲದರಲ್ಲೂ ಕೃತ್ಯ ಸಾರ್ವಜನಿಕರ ಕಣ್ಣಿಗೆ ಬೀಳುವ ಸ್ಥಳದಲ್ಲಿ ನಡೆದಿರಬೇಕು. ಸ್ಥಳ ಖಾಸಗಿಯಾಗಿದ್ದರೂ ಹೊರಗಿನವರಿಗೆ ಕಾಣುವಂತಿದ್ದರೆ, ಕೇಳುವಂತಿದ್ದರೆ ಸಾಕು ಎಂದು ಸ್ವರಣ್ ಸಿಂಗ್ ಪ್ರಕರಣ (2008) ಹೇಳಿತು. ನಾಲ್ಕು ಗೋಡೆಗಳ ಒಳಗೆ, ಹೊರಗಿನವರಿಲ್ಲದಾಗ ಆಡಿದ ಮಾತು ಈ ಕಲಮಿಗೆ ಸೇರದು ಎಂದು ಹಿತೇಶ್ ವರ್ಮಾ ಪ್ರಕರಣ (2020) ಹೇಳಿತು. ಕಟ್ಟಡವೊಂದರ ನೆಲಮಾಳಿಗೆಯಲ್ಲಿ, ದೂರುದಾರ ಮತ್ತು ಆತನ ಸಂಗಡಿಗರಷ್ಟೇ ಇದ್ದಾಗ ಆಡಿದರೆನ್ನಲಾದ ಮಾತಿನ ಪ್ರಕರಣವನ್ನು ಕರ್ನಾಟಕ ಹೈಕೋರ್ಟ್ 2022ರಲ್ಲಿ ಇದೇ ಕಾರಣಕ್ಕೆ ರದ್ದುಪಡಿಸಿತು. ಇಲ್ಲಿ ‘ಸಾರ್ವಜನಿಕರು’ ಎಂದರೆ ದೂರುದಾರರ ನೆಂಟರೋ ಹತ್ತಿರದವರೋ ಅಲ್ಲದ ಸ್ವತಂತ್ರ ವ್ಯಕ್ತಿಗಳು ಎಂದು ದೆಹಲಿ ಹೈಕೋರ್ಟ್ ದಯಾ ಭಟ್ನಾಗರ್ ಪ್ರಕರಣದಲ್ಲಿ (2004) ಅರ್ಥೈಸಿತ್ತು. ಹೀಗೆ ಹಲ್ಲೆಗೆ ನಂಬಲರ್ಹ ಸಾಕ್ಷಿಯಾಗುವ ಹೆಂಡತಿ ಅಥವಾ ತಮ್ಮ, ನಿಂದನೆಯ ಕಲಮಿಗೆ ಬೇಕಾದ ‘ಸಾರ್ವಜನಿಕ’ರಾಗಿ ಲೆಕ್ಕಕ್ಕೆ ಬಾರದಿರಬಹುದು.

ಕರಾವಳಿಯಲ್ಲಿ ಈ ಕಟ್ಟಳೆ ಬೇರೆ ಕಡೆಗಿಂತ ಹೆಚ್ಚು ಭಾರವಾಗುತ್ತದೆ. ಬಯಲುಸೀಮೆಯ ಹಳ್ಳಿಯಲ್ಲಿ ಮನೆಗೆ ಮನೆ ಅಂಟಿಕೊಂಡ ಬೀದಿ, ಕೇರಿಗಳಿರುತ್ತವೆ. ಕೂಗು ಎದ್ದರೆ ಹತ್ತು ಬಾಗಿಲು ತೆರೆಯುತ್ತವೆ. ಬಂಟ್ವಾಳ, ಬೆಳ್ತಂಗಡಿಯ ಗ್ರಾಮಗಳಲ್ಲಿ ಮನೆಗಳು ಅಡಿಕೆ ತೋಟ, ಗದ್ದೆ, ಗುಡ್ಡಗಳ ನಡುವೆ ಚದುರಿವೆ. ತೋಟದ ಕೆಲಸಕ್ಕೆ ಹೋದವನಿಗೆ ಅಂಗಳದಲ್ಲೋ ಕಣಿವೆಯ ಕಾಲುದಾರಿಯಲ್ಲೋ ಹೊಡೆತ ಬಿದ್ದರೆ ಕಂಡವರು ಅವನ ಮನೆಯವರು ಇಲ್ಲವೆ ಅದೇ ಧಣಿಯ ಇತರ ಆಳುಗಳು. ಬಸ್ ನಿಲ್ದಾಣ, ಹಾಲಿನ ಸೊಸೈಟಿ, ಬೀಡಿ ಬ್ರಾಂಚಿನ ಎದುರು ನಡೆದದ್ದಾದರೆ ಹೊರಗಿನ ಸಾಕ್ಷಿ ಸಿಕ್ಕಾನು. ಆದ್ದರಿಂದ ಸ್ಥಳ ಮಹಜರು ಮತ್ತು ನಕ್ಷೆಯಲ್ಲಿ ರಸ್ತೆ ಎಷ್ಟು ದೂರ, ನಡುವೆ ತಡೆಗೋಡೆ ಇತ್ತೇ, ಹತ್ತಿರದ ಮನೆಗೆ ಮಾತು ಕೇಳುತ್ತಿತ್ತೇ, ರಾತ್ರಿಯಾದರೆ ಬೆಳಕು ಎಲ್ಲಿಂದ ಎಂಬ ವಿವರಗಳು ಇರಬೇಕು. ಇವು ಇಲ್ಲದಿದ್ದರೆ ಮೇಲ್ಮನವಿಯಲ್ಲಿ ಸಾಕ್ಷಿಯ ಮಾತಿಗೆ ಆಸರೆ ಸಿಗುವುದಿಲ್ಲ.

ಜಾತಿಯ ಕಾರಣ ಮತ್ತು ಜಾತಿಯ ಅರಿವು

ಹತ್ತು ವರ್ಷ ಅಥವಾ ಹೆಚ್ಚಿನ ಶಿಕ್ಷೆಯ ಅಪರಾಧಗಳಿಗೆ ಅನ್ವಯಿಸುವ 3(2)(v) ಕಲಮಿನಲ್ಲಿ, ಸಂತ್ರಸ್ತ ಪರಿಶಿಷ್ಟನೆಂಬ ‘ಕಾರಣಕ್ಕೆ’ ಕೃತ್ಯ ನಡೆದಿರಬೇಕೆಂದು ಮೊದಲಿತ್ತು. ಖುಮಾನ್ ಸಿಂಗ್ ಪ್ರಕರಣದಲ್ಲಿ (2019) ಜಗಳ ಹುಟ್ಟಿದ್ದು ದನ ಮೇಯಿಸುವ ವಿಚಾರಕ್ಕೆ. ಜಾತಿಯ ಮಾತು ಬಂದಿದ್ದರೂ ಕೃತ್ಯಕ್ಕೆ ಅದೇ ಕಾರಣವೆಂಬ ಸಾಕ್ಷ್ಯವಿಲ್ಲವೆಂದು ಸುಪ್ರೀಂ ಕೋರ್ಟ್ ಆ ಕಲಮಿನ ಶಿಕ್ಷೆಯನ್ನು ತೆಗೆದುಹಾಕಿತು. ಪಟಾನ್ ಜಮಾಲ್ ವಲಿ ಪ್ರಕರಣದಲ್ಲಿ (2021) ಕಣ್ಣು ಕಾಣದ ಪರಿಶಿಷ್ಟ ಜಾತಿಯ ಯುವತಿ ದನಿಯಿಂದ ಆರೋಪಿಯನ್ನು ಗುರುತಿಸಿದ್ದನ್ನು ನ್ಯಾಯಾಲಯ ಒಪ್ಪಿತು. ಅಂಗವೈಕಲ್ಯವನ್ನೇ ಮುಂದಿಟ್ಟು ಸಾಕ್ಷಿಯನ್ನು ಕೀಳಾಗಿ ಕಾಣಬಾರದೆಂದಿತು. ಜಾತಿಯೊಂದೇ ಕಾರಣವಾಗಿರಬೇಕೆಂದು ಕಾನೂನನ್ನು ಓದಕೂಡದು, ಲಿಂಗ, ವೈಕಲ್ಯಗಳೊಂದಿಗೆ ಅದು ಹೆಣೆದುಕೊಂಡಿರಬಹುದು ಎಂದೂ ಹೇಳಿತು. ಆದರೂ ಆ ಪ್ರಕರಣದ ಸಾಕ್ಷ್ಯ ಸಾಲದೆಂದು 3(2)(v) ಆರೋಪ ನಿಲ್ಲಲಿಲ್ಲ. ಅತ್ಯಾಚಾರದ ಶಿಕ್ಷೆ ಉಳಿಯಿತು.

2016ರ ತಿದ್ದುಪಡಿಯ ನಂತರ ಸಂತ್ರಸ್ತರ ಜಾತಿ ‘ತಿಳಿದಿದ್ದೂ’ ಕೃತ್ಯ ಎಸಗಿದರೆ ಸಾಕು. ಆರೋಪಿಗೆ ಸಂತ್ರಸ್ತರ ಅಥವಾ ಅವರ ಕುಟುಂಬದ ಪರಿಚಯವಿದ್ದಲ್ಲಿ, ಬೇರೆ ರೀತಿ ರುಜುವಾತಾಗುವವರೆಗೆ ಜಾತಿಯ ಅರಿವಿತ್ತೆಂದೇ ಭಾವಿಸಬೇಕು ಎಂದು 8(ಸಿ) ಕಲಮು ಹೇಳುತ್ತದೆ. ಎಲ್ಲರೂ ಎಲ್ಲರನ್ನೂ ಬಲ್ಲ ಹಳ್ಳಿಯಲ್ಲಿ ಇದು ಸಾಕ್ಷಿಯ ಹೊರೆಯನ್ನು ಇಳಿಸುವ ನಿಯಮ. ಘಟನೆ ನಡೆದದ್ದು 2016ರ ಜನವರಿ 26ಕ್ಕೆ ಮೊದಲೋ ಅನಂತರವೋ ಎಂಬುದು ಹಳೆಯ ಮೇಲ್ಮನವಿಗಳಲ್ಲಿ ನಿರ್ಣಾಯಕ. ಇದಲ್ಲದೆ ಸಂತ್ರಸ್ತರು ಪರಿಶಿಷ್ಟರು, ಆರೋಪಿ ಅಲ್ಲ ಎಂಬ ಎರಡನ್ನೂ ತಹಶೀಲ್ದಾರರ ಪ್ರಮಾಣಪತ್ರಗಳಿಂದ ತೋರಿಸಬೇಕು.

ಕರ್ನಾಟಕದ ಪ್ರಮುಖ ಪ್ರಕರಣಗಳು

ಅಪ್ಪಾ ಬಾಳು ಇಂಗಳೆ ಪ್ರಕರಣ: ಹೊಸದಾಗಿ ತೋಡಿದ ಕೊಳವೆಬಾವಿಯಿಂದ ನೀರು ಸೇದಲು ಬಂದ ದಲಿತರನ್ನು ಅಸ್ಪೃಶ್ಯರೆಂಬ ಕಾರಣಕ್ಕೆ ಬೆದರಿಸಿ ತಡೆದ ಆರೋಪ ಇದರದು. ನಾಗರಿಕ ಹಕ್ಕುಗಳ ಸಂರಕ್ಷಣಾ ಕಾಯ್ದೆಯಡಿ ಮ್ಯಾಜಿಸ್ಟ್ರೇಟರು ಒಂದು ತಿಂಗಳ ಸಾದಾ ಸಜೆ ಮತ್ತು 100 ರೂಪಾಯಿ ದಂಡ ವಿಧಿಸಿದರು. ಸೆಷನ್ಸ್ ನ್ಯಾಯಾಲಯವೂ ತಪ್ಪಿತಸ್ಥರೆಂದು ಒಪ್ಪಿತು. ಎರಡು ನ್ಯಾಯಾಲಯಗಳು ನಂಬಿದ್ದ ಸಾಕ್ಷಿಗಳನ್ನು ನಂಬದೆ ಹೈಕೋರ್ಟ್ ಖುಲಾಸೆ ಮಾಡಿತು. ರಾಜ್ಯ ಸರ್ಕಾರದ ಮೇಲ್ಮನವಿಯ ಮೇರೆಗೆ ನ್ಯಾಯಮೂರ್ತಿಗಳಾದ ಕುಲದೀಪ್ ಸಿಂಗ್ ಮತ್ತು ಕೆ. ರಾಮಸ್ವಾಮಿ ಅವರ ಪೀಠ 1992ರ ಡಿಸೆಂಬರ್ 1ರಂದು ಹೈಕೋರ್ಟಿನ ತೀರ್ಪನ್ನು ತಳ್ಳಿಹಾಕಿತು. ಆ ಕಾಯ್ದೆಯ 12ನೆಯ ಕಲಮಿನಂತೆ ಕೃತ್ಯ ಅಸ್ಪೃಶ್ಯತೆಯ ನೆಲೆಯಲ್ಲೇ ನಡೆದಿದೆ ಎಂದು ನ್ಯಾಯಾಲಯ ಭಾವಿಸಬೇಕು. ಅಸ್ಪೃಶ್ಯತೆಯ ಚರಿತ್ರೆಯನ್ನು ವಿಸ್ತಾರವಾಗಿ ಚರ್ಚಿಸಿದ ರಾಮಸ್ವಾಮಿ ಅವರ ಪ್ರತ್ಯೇಕ ತೀರ್ಪಿನಿಂದಾಗಿಯೂ ಇದು ಪ್ರಸಿದ್ಧವಾಗಿದೆ.

ಕಂಬಾಲಪಲ್ಲಿ ಪ್ರಕರಣ: ಆಗಿನ ಕೋಲಾರ ಜಿಲ್ಲೆಯ ಚಿಂತಾಮಣಿ ತಾಲೂಕಿನ ಕಂಬಾಲಪಲ್ಲಿಯಲ್ಲಿ 2000ದ ಮಾರ್ಚ್ 11ರಂದು ಏಳು ದಲಿತರನ್ನು ಜೀವಂತ ಸುಡಲಾಯಿತು. ಸಾಕ್ಷಿಗಳು ಮೊದಲ ಹೇಳಿಕೆಗೆ ವಿರುದ್ಧವಾಗಿ ನುಡಿದು ಪ್ರತಿಕೂಲರಾದ್ದರಿಂದ ವಿಚಾರಣಾ ನ್ಯಾಯಾಲಯ 2006ರಲ್ಲಿ ಎಲ್ಲ ಆರೋಪಿಗಳನ್ನು ಖುಲಾಸೆ ಮಾಡಿತು. 2014ರಲ್ಲಿ ಹೈಕೋರ್ಟ್ ಅದನ್ನೇ ಎತ್ತಿಹಿಡಿಯಿತು. ಕೆಳಗೆ ನುಡಿಯದ ಸಾಕ್ಷ್ಯವನ್ನು ಮೇಲ್ಮನವಿ ಹುಟ್ಟಿಸಲಾರದು ಎಂಬುದಕ್ಕೆ ಇದು ಕಠೋರ ಉದಾಹರಣೆ.

ಮರಕುಂಬಿ ಪ್ರಕರಣ: ಕೊಪ್ಪಳ ಜಿಲ್ಲೆ ಗಂಗಾವತಿ ತಾಲೂಕಿನ ಮರಕುಂಬಿಯಲ್ಲಿ 2014ರ ಆಗಸ್ಟ್ 28ರಂದು ದಲಿತರ ಮೇಲೆ ಹಲ್ಲೆ ನಡೆದು ಗುಡಿಸಲುಗಳಿಗೆ ಬೆಂಕಿ ಬಿತ್ತು. ಕೊಪ್ಪಳದ ನ್ಯಾಯಾಲಯ 2024ರ ಅಕ್ಟೋಬರ್ 24ರಂದು 98 ಮಂದಿಗೆ ಜೀವಾವಧಿ, ಮೂವರಿಗೆ ಐದು ವರ್ಷದ ಶಿಕ್ಷೆ ವಿಧಿಸಿತು. ಆ ಮೂವರು ಪರಿಶಿಷ್ಟರಾಗಿದ್ದರಿಂದ ಅವರಿಗೆ ದೌರ್ಜನ್ಯ ಕಾಯ್ದೆ ಅನ್ವಯಿಸಲಿಲ್ಲ. ಮೇಲ್ಮನವಿ ಹೈಕೋರ್ಟಿನ ಧಾರವಾಡ ಪೀಠಕ್ಕೆ ಹೋಯಿತು.

ಖುಲಾಸೆಯ ವಿರುದ್ಧದ ಮೇಲ್ಮನವಿ

ಶಿಕ್ಷೆಯ ವಿರುದ್ಧದ ಮೇಲ್ಮನವಿಗೂ ಖುಲಾಸೆಯ ವಿರುದ್ಧದ ಮೇಲ್ಮನವಿಗೂ ಸಾಕ್ಷ್ಯ ನೋಡುವ ಬಗೆ ಒಂದೇ ಅಲ್ಲ. ಕರ್ನಾಟಕದಿಂದಲೇ ಹೋದ ಚಂದ್ರಪ್ಪ ಪ್ರಕರಣದಲ್ಲಿ (2007) ಸುಪ್ರೀಂ ಕೋರ್ಟ್ ಸೂತ್ರಗಳನ್ನು ಕ್ರೋಡೀಕರಿಸಿತು. ಮೇಲ್ಮನವಿ ನ್ಯಾಯಾಲಯಕ್ಕೆ ಇಡೀ ಸಾಕ್ಷ್ಯವನ್ನು ಹೊಸದಾಗಿ ಪರಿಶೀಲಿಸುವ ಪೂರ್ಣಾಧಿಕಾರವಿದೆ. ಆದರೆ ಖುಲಾಸೆಯಾದವನಿಗೆ ನಿರಪರಾಧಿತ್ವದ ಭಾವನೆ ಇಮ್ಮಡಿಯಾಗಿರುತ್ತದೆ. ಅದೇ ಸಾಕ್ಷ್ಯದಿಂದ ಎರಡು ಸಮಂಜಸ ತೀರ್ಮಾನಗಳು ಸಾಧ್ಯವಿದ್ದರೆ ಖುಲಾಸೆಯನ್ನು ಕೆದಕಬಾರದು. ವಿಚಾರಣಾ ನ್ಯಾಯಾಧೀಶರು ಸಾಕ್ಷಿಯನ್ನು ನಂಬದಿದ್ದುದಕ್ಕೆ ತಕ್ಕಮಟ್ಟಿನ ಕಾರಣ ಕೊಟ್ಟಿದ್ದರೆ, ತಾನಾಗಿದ್ದರೆ ನಂಬುತ್ತಿದ್ದೆ ಎಂಬಷ್ಟರಿಂದ ಹೈಕೋರ್ಟ್ ತೀರ್ಪು ತಿರುಗಿಸಲಾಗದು. ದಾಖಲೆಯನ್ನು ತಪ್ಪಾಗಿ ಓದಿದ್ದರೆ, ಗಾಯಾಳುವಿನ ಮಾತನ್ನು ಕಡೆಗಣಿಸಿದ್ದರೆ, ಕಾನೂನು ಹೇಳುವ ಭಾವನೆಯನ್ನು ಮರೆತಿದ್ದರೆ ಹಸ್ತಕ್ಷೇಪಕ್ಕೆ ಎಡೆಯಿದೆ.

ಸರ್ಕಾರ ಸುಮ್ಮನಿದ್ದರೂ ಸಂತ್ರಸ್ತರು ತಾವೇ ಮೇಲ್ಮನವಿ ಸಲ್ಲಿಸಬಹುದು, ಅದಕ್ಕೆ ವಿಶೇಷ ಅನುಮತಿ ಬೇಡ ಎಂದು ಸುಪ್ರೀಂ ಕೋರ್ಟ್ 2018ರ ಅಕ್ಟೋಬರ್ 12ರಂದು ಹೇಳಿದ್ದು ಮಲ್ಲಿಕಾರ್ಜುನ ಕೊಡಗಲಿ ಪ್ರಕರಣದಲ್ಲಿ. ಇದೂ ಕರ್ನಾಟಕದ್ದೇ.

ಪ್ರತಿಕೂಲ ಸಾಕ್ಷಿ ಮತ್ತು ರಾಜಿ ಪಂಚಾತಿಕೆ

ಮೊದಲ ಹೇಳಿಕೆಗೆ ವಿರುದ್ಧವಾಗಿ ನುಡಿದ ಸಾಕ್ಷಿಯನ್ನು ಸರ್ಕಾರಿ ವಕೀಲರೇ ಪಾಟೀ ಸವಾಲಿಗೆ ಗುರಿಪಡಿಸಬಹುದು. ಹಾಗೆಂದು ಆತನ ಮಾತೆಲ್ಲ ಅಳಿಸಿಹೋಗುವುದಿಲ್ಲ. ನಂಬಬಹುದಾದ ಭಾಗವನ್ನು ನ್ಯಾಯಾಲಯ ಉಳಿಸಿಕೊಳ್ಳಬಹುದು ಎಂದು ಸತ್ ಪಾಲ್ (1976), ಖುಜ್ಜಿ (1991) ಪ್ರಕರಣಗಳು ಹೇಳಿವೆ.

ಸಾಕ್ಷಿಗಳು ಪ್ರತಿಕೂಲರಾಗುವ ಕಾರಣಗಳು ಊರಿನಲ್ಲಿವೆ. ಸಾಕ್ಷಿಗೆ ಕೂಲಿ ಕೊಡುವವನು, ತೋಟದ ದಾರಿ ಬಿಟ್ಟುಕೊಡುವವನು, ಕೈಸಾಲ ಕೊಡುವವನು ಆರೋಪಿಯೋ ಅವನ ನೆಂಟನೋ ಆಗಿರುತ್ತಾನೆ. ಮೊಕದ್ದಮೆ ವರ್ಷಗಟ್ಟಲೆ ಎಳೆದಂತೆ ‘ಒಂದೇ ಊರಿನಲ್ಲಿ ಬದುಕಬೇಕಲ್ಲ’ ಎಂಬ ಹಿರಿಯರ ಪಂಚಾತಿಕೆ ಬಲಿಯುತ್ತದೆ. ದೌರ್ಜನ್ಯ ತಡೆ ಕಾಯ್ದೆಯ ಅಪರಾಧಗಳು ರಾಜಿಗೆ ಒಳಪಡುವಂಥವಲ್ಲ. ಹಾಗಾಗಿ ಹೊರಗಿನ ರಾಜಿ ಕಟಕಟೆಯಲ್ಲಿ ಮರೆವಿನ ರೂಪ ತಾಳುತ್ತದೆ. ಪ್ರತಿದೂರು ಇನ್ನೊಂದು ಒತ್ತಡ. ಉಡುಪಿ ಜಿಲ್ಲೆಯ ಕೋಟತಟ್ಟುವಿನಲ್ಲಿ 2021ರ ಡಿಸೆಂಬರ್ 27ರಂದು ಕೊರಗರ ಮೆಹಂದಿ ಕಾರ್ಯಕ್ರಮದ ಮೇಲೆ ಪೊಲೀಸರು ಲಾಠಿ ಬೀಸಿದ ಬಳಿಕ, ಕರ್ತವ್ಯಕ್ಕೆ ಅಡ್ಡಿಯೆಂಬ ಪ್ರಕರಣ ಕೊರಗರ ಮೇಲೆಯೇ ದಾಖಲಾಗಿತ್ತು. ಮುಂದೆ ತನಿಖೆ ಸಿಐಡಿಗೆ ಹೋಯಿತು. ಆರೋಪಿಯ ಕಡೆಯಿಂದ ನೋಡಿದರೆ, ಜಾಗದ ತಕರಾರಿಗೋ ಹಳೆಯ ಹಗೆಗೋ ಸುಳ್ಳು ದೂರು ಕೊಟ್ಟಿದ್ದಾರೆಂಬ ವಾದವನ್ನೂ ನ್ಯಾಯಾಲಯ ಪುರಾವೆಯ ಮೇಲೆಯೇ ಪರಿಶೀಲಿಸಬೇಕು. ಸಿವಿಲ್ ವ್ಯಾಜ್ಯ ಇದೆಯೆಂಬುದು ದೂರು ಸುಳ್ಳೆಂಬುದಕ್ಕೂ ನಿಜವೆಂಬುದಕ್ಕೂ ತಾನೇ ಪುರಾವೆಯಾಗದು.

ಸಾಕ್ಷಿಗಳ ರಕ್ಷಣೆ

ದೌರ್ಜನ್ಯ ತಡೆ ಕಾಯ್ದೆಗೆ 2016ರಲ್ಲಿ ಸೇರಿದ 15ಎ ಕಲಮು ಸಂತ್ರಸ್ತರು ಮತ್ತು ಸಾಕ್ಷಿಗಳಿಗೆ ರಕ್ಷಣೆ, ಪ್ರಯಾಣ ಮತ್ತು ನಿರ್ವಹಣಾ ವೆಚ್ಚ, ಪುನರ್ವಸತಿಯ ಹಕ್ಕು ನೀಡಿದೆ. ಜಾಮೀನು ಸಹಿತ ಯಾವುದೇ ಕಲಾಪದ ಬಗ್ಗೆ ಸಂತ್ರಸ್ತರಿಗೆ ಸಕಾಲದಲ್ಲಿ ತಿಳಿಸಿ ಅವರ ಮಾತು ಕೇಳುವುದು ಕಡ್ಡಾಯವೆಂದು ಹರಿರಾಂ ಭಾಂಭಿ ಪ್ರಕರಣ (2021) ಸ್ಪಷ್ಟಪಡಿಸಿತು. ಕಲಾಪವನ್ನು ವಿಡಿಯೊದಲ್ಲಿ ದಾಖಲಿಸಬೇಕೆಂದೂ ಕಲಮು ಹೇಳುತ್ತದೆ. ಇದು ನಡೆದಲ್ಲಿ ಸಾಕ್ಷಿಯ ವರ್ತನೆಯನ್ನು ಮೇಲ್ಮನವಿ ನ್ಯಾಯಾಧೀಶರೂ ನೋಡಬಹುದು. 1995ರ ನಿಯಮಾವಳಿಯ 11ನೆಯ ನಿಯಮ ಸಾಕ್ಷಿಗೆ ಪ್ರಯಾಣ ವೆಚ್ಚವನ್ನೂ ಕನಿಷ್ಠ ಕೂಲಿಗೆ ಕಡಿಮೆಯಿಲ್ಲದ ದಿನಭತ್ಯೆಯನ್ನೂ ಕೊಡಬೇಕೆನ್ನುತ್ತದೆ. ಚಾರ್ಮಾಡಿಯ ತಪ್ಪಲಿನಿಂದ ಬೆಳಗಿನ ಬಸ್ಸು ಹಿಡಿದು ಮಂಗಳೂರಿಗೆ ಬಂದು, ‘ಇವತ್ತು ಇಲ್ಲ, ಮುಂದಿನ ತಾರೀಕು’ ಎಂದು ಕೇಳಿಸಿಕೊಂಡು ಮರಳುವ ದಿನಗೂಲಿಯವನಿಗೆ ಈ ಭತ್ಯೆ ಸಣ್ಣ ವಿಷಯವಲ್ಲ. ಇವುಗಳ ಜೊತೆಗೆ, ಮಹೇಂದರ್ ಚಾವ್ಲಾ ಪ್ರಕರಣದಲ್ಲಿ (2018) ಸುಪ್ರೀಂ ಕೋರ್ಟ್ ಒಪ್ಪಿದ ಸಾಕ್ಷಿ ಸಂರಕ್ಷಣಾ ಯೋಜನೆ ದೇಶಕ್ಕೆಲ್ಲ ಅನ್ವಯಿಸುತ್ತದೆ.

ದಾಖಲೆಯ ಮಹತ್ವ

ಸಾಕ್ಷಿಯನ್ನು ಮೇಲ್ಮನವಿಯಲ್ಲಿ ಉಳಿಸುವುದು ಬಹುತೇಕ ಮೊದಲ ದಿನಗಳ ಬರಹ. ತಾಲೂಕು ಆಸ್ಪತ್ರೆಯಲ್ಲೋ ಮಂಗಳೂರಿನ ವೆನ್ಲಾಕ್‌ನಲ್ಲೋ ವೈದ್ಯರು ಗಾಯಾಳುವನ್ನು ಪರೀಕ್ಷಿಸಿದ ಹೊತ್ತು, ಯಾರು ಯಾವುದರಿಂದ ಹೊಡೆದರೆಂದು ಆತ ಹೇಳಿದ ಮಾತು ಗಾಯದ ಪ್ರಮಾಣಪತ್ರದಲ್ಲಿರಬೇಕು. ದೂರು ತಡವಾದರೆ ಕಾರಣ ಅದರಲ್ಲೇ ನಮೂದಾಗಬೇಕು. ಆಡಿದ ಬೈಗುಳ ಆಡಿದ ಭಾಷೆಯಲ್ಲೇ ದಾಖಲಾಗಬೇಕು; ಆಗ ಹಾಜರಿದ್ದವರ ಹೆಸರು ಬರೆಯಬೇಕು. ಸಾಕ್ಷಿ ತಿರುಗಿಬೀಳುವ ಭಯವಿದ್ದರೆ ಮ್ಯಾಜಿಸ್ಟ್ರೇಟರ ಮುಂದೆ ಹೇಳಿಕೆ ಕೊಡಿಸಬಹುದು; ಹಿಂದೆ ಅದು ದಂಡ ಪ್ರಕ್ರಿಯಾ ಸಂಹಿತೆಯ 164ನೆಯ ಕಲಮು, ಈಗ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 183ನೆಯದು. ಮೇಲ್ಮನವಿಯಲ್ಲಿ ಹೆಚ್ಚುವರಿ ಸಾಕ್ಷ್ಯ ಪಡೆಯುವ ಅಧಿಕಾರ ಇದೆಯಾದರೂ ಅದರ ಬಳಕೆ ವಿರಳ. ಬಂಟ್ವಾಳ, ಬೆಳ್ತಂಗಡಿ ಅಥವಾ ಮೂಡುಬಿದಿರೆಯ ಠಾಣೆಯಲ್ಲಿ ಬರೆಯದೆ ಬಿಟ್ಟ ಸಂಗತಿಯನ್ನು ಬೆಂಗಳೂರಿನ ಹೈಕೋರ್ಟಿನಲ್ಲಿ ತುಂಬಿಕೊಡಲು ಸಾಮಾನ್ಯವಾಗಿ ಸಾಧ್ಯವಾಗುವುದಿಲ್ಲ.